ತ್ರಿಪುರಕ್ಕೊಂದು ಜಾಗ

ಆ ಕಾಲದಲ್ಲಿ ಭಾರತ ದೇಶವು ವರ್ಷಕ್ಕೊಮ್ಮೆ, ನವೆಂಬರಿನ ಒಂದು ಶನಿವಾರ, ಸಮುದ್ರದಾಚೆ ನಾವಿದ್ದ ನ್ಯೂ ಲಿನ್ ಬಡಾವಣೆಯ ರೈಲು ನಿಲ್ದಾಣದ ಹಿಂದಿನ ಬಾಡಿಗೆ ಸಭಾಂಗಣವೊಂದಕ್ಕೆ ಬಂದು ನೆಲೆಸುತ್ತಿತ್ತು. ಮಧ್ಯಾಹ್ನ ಸ್ಥಾಪನೆ, ರಾತ್ರಿಯ ಊಟಕ್ಕೆ ಮುಂಚೆ ವಿಸರ್ಜನೆ. ಅಂಥ ಸಭಾಂಗಣಗಳಲ್ಲಿ ಬೆಳೆದವರಿಗೆ ನೆಲದ ಪಾಲಿಶ್ ಮತ್ತು ಬಿಸಿಬೇಳೆಬಾತಿನ ವಾಸನೆ ಬೆರೆತರೆ ಏನಾಗುತ್ತದೆಂದು ವಿವರಿಸಬೇಕಾಗಿಲ್ಲ. ದೇಶಭಕ್ತಿಯ ವಾಸನೆ ಅದೇ ಎಂದು ನಾನು ಬಹಳ ವರ್ಷ ನಂಬಿದ್ದೆ.

ಕನ್ನಡ ರಾಜ್ಯೋತ್ಸವಕ್ಕೆ ಇಡೀ ದೇಶ ಯಾಕೆ ಬೇಕು ಎಂದು ಯಾರೂ ಕೇಳುತ್ತಿರಲಿಲ್ಲ. ಇಲ್ಲಿ ಹುಟ್ಟಿದ ಮಕ್ಕಳಿಗೆ ಸಾಮಾನ್ಯ ಜ್ಞಾನ ಬರಲಿ ಎಂಬುದು ನಮ್ಮ ಕನ್ನಡ ಸಂಘದ ಹಿರಿಯರ ಸಂಕಲ್ಪ. ನೆಲದ ಮೇಲೆ ಭಾರತದ ನಕಾಶೆ, ಒಂದೊಂದು ರಾಜ್ಯದಲ್ಲಿ ಒಂದೊಂದು ಮಗು. ಪ್ರತಿ ಮಗುವೂ ತನ್ನ ರಾಜ್ಯದ ರಾಜಧಾನಿ, ಬೆಳೆ, ಪ್ರಾಣಿ ಮತ್ತು ಒಂದು ವಿಶೇಷವನ್ನು ಕನ್ನಡದಲ್ಲಿ ಹೇಳತಕ್ಕದ್ದು. ನಾನು ಹೇಳುತ್ತಿರುವ ವರ್ಷ ತೆಲಂಗಾಣ ಬೇರೆಯಾಗಿದ್ದರಿಂದ ಹೆಚ್ಚುವರಿ ಮಗುವೊಂದನ್ನು ನಗರದ ಇನ್ನೊಂದು ತುದಿಯ ಬಾಟನಿ ಡೌನ್ಸ್‌ನಿಂದ ಕರೆಸಬೇಕಾಯಿತು.

ನಕಾಶೆಯ ಹೊಣೆ ಬಸವರಾಜ ಅಂಕಲ್‌ರದು. ಹುಬ್ಬಳ್ಳಿಯವರು, ಒಳಚರಂಡಿ ಕೊಳವೆಗಳ ಎಂಜಿನಿಯರ್. ಸೀಮೆಸುಣ್ಣ ಬಳಸಬಾರದೆಂದು ಸಭಾಂಗಣದವರ ಅಪ್ಪಣೆಯಾಗಿದ್ದರಿಂದ ಅವರು ದೇಶವನ್ನು ಬಣ್ಣ ಬಳಿಯುವವರ ನೀಲಿ ಟೇಪಿನಲ್ಲಿ, ಮೊಣಕಾಲೂರಿ ಅಂಟಿಸುತ್ತಿದ್ದರು. ರಾಜ್ಯಗಳ ಹಂಚಿಕೆಯೂ ಅವರದೇ: ಶರೀರದ ವಿಸ್ತೀರ್ಣಕ್ಕೆ ತಕ್ಕ ರಾಜ್ಯ. ಕರ್ನಾಟಕ ಮಾತ್ರ ಈ ನಿಯಮಕ್ಕೆ ಹೊರತು, ಅದು ಕಾರ್ಯದರ್ಶಿಗಳ ಮಗಳಿಗೆ. ಹತ್ತು ವರ್ಷವಾಗಿದ್ದರೂ ಏಳರವಳಂತೆ ಕಾಣುತ್ತಿದ್ದ ನನ್ನ ಪಾಲಿಗೆ ಬಂದದ್ದು ತ್ರಿಪುರ.

"ಅದೆಲ್ಲಿದೆ?" ಎಂದು ಅಮ್ಮನನ್ನು ಕೇಳಿದೆ.

"ಬೆಂಗಾಲ್ ಹತ್ರ ಎಲ್ಲೋ ಇದೆ ಕಣೇ. ನಿಮ್ಮಪ್ಪನ್ನ ಕೇಳು."

"ಕ್ಯಾಪಿಟಲ್ ಅಗರ್ತಲ. ಮಿಕ್ಕಿದ್ದು ನೀನೇ ಹುಡುಕ್ಕೋ" ಎಂದ ಅಪ್ಪ, ಪಾತ್ರೆಯ ಪೆಟ್ಟಿಗೆ ಕಟ್ಟುವುದನ್ನು ಮುಂದುವರಿಸಿದ.

ನಾವು ಮತ್ತೆ ಮನೆ ಬಿಡುತ್ತಿದ್ದೆವು. ಓದುಬರಹ ಕಲಿತ ಮೇಲೆ ಮೈಸೂರು ಬಿಟ್ಟು ವಿಮಾನ ಹತ್ತಿದವಳು ನಾನು. ಇಳಿದಾಗಿನಿಂದ ಒಂದು ಮನೆಯನ್ನು ಮಾಲೀಕ ಮಾರಿದ, ಇನ್ನೊಂದಕ್ಕೆ ಒಡತಿಯ ಮಗ ಲಂಡನ್ನಿನಿಂದ ವಾಪಸಾದ. ಈಗ ಅಪ್ಪನಿಗೆ ಹ್ಯಾಮಿಲ್ಟನ್‌ನಲ್ಲಿ ಕೆಲಸ, ಅಲ್ಲೇ ರೊಟೊಟೂನದಲ್ಲಿ ಮನೆ, ಡಿಸೆಂಬರಿನಲ್ಲಿ ಪ್ರಯಾಣ. ಸೂಪರ್‌ಮಾರ್ಕೆಟ್ಟಿನಿಂದ ತಂದ ಬಾಳೆಹಣ್ಣಿನ ಪೆಟ್ಟಿಗೆಗಳು ಹಜಾರದ ತುಂಬ ನಿಂತಿದ್ದವು. ನಾನು ಮಾತ್ರ ನಿಲ್ಲುತ್ತಿರಲಿಲ್ಲ. ಊಟದ ತಟ್ಟೆ ಹಿಡಿದು ಓಡಾಡುತ್ತಿದ್ದೆ. ಮಲಗಿದರೂ ಕಾಲು ಗೋಡೆಯ ಮೇಲೆ ನಡೆಯುತ್ತಿತ್ತು. "ಕಾಲಿಗೇನ್ ಸ್ಪ್ರಿಂಗ್ ಇಟ್ಟಿದಾರೇನೇ?" ಎಂದು ಅಮ್ಮ ರೇಗುತ್ತಿದ್ದಳು. ಶಾಲೆಯ ಮಿಸ್ ಇದೇ ವಿಚಾರವನ್ನು ಹೆಚ್ಚು ನಯವಾಗಿ ವರದಿ ಮಾಡಿದ್ದರು.

ತ್ರಿಪುರವನ್ನೂ ಹಾಗೆಯೇ, ಪೆಟ್ಟಿಗೆಗಳ ನಡುವೆ ಸುತ್ತುತ್ತಲೇ ಬಾಯಿಪಾಠ ಮಾಡಿದೆ. ಬೇಡದ ಮಗುವಿನಂತೆ ಬಂದ ರಾಜ್ಯ ದಿನೇ ದಿನೇ ಹತ್ತಿರವಾಯಿತು. ಮೂರು ದಿಕ್ಕಿನಲ್ಲೂ ಬಾಂಗ್ಲಾದೇಶ. ಸ್ವದೇಶದ ನೆಂಟಸ್ತಿಕೆಯೇನಿದ್ದರೂ ಪೂರ್ವದ ಒಂದೇ ಕಡೆ, ಅಸ್ಸಾಂ ಮತ್ತು ಮಿಜೋರಾಂ ಜೊತೆ. ಬೆಳೆ ಅನಾನಸ್, ರಬ್ಬರು, ಬಿದಿರು. ರಾಜ್ಯಪ್ರಾಣಿಯೋ ಕಣ್ಣಿನ ಸುತ್ತ ಬಿಳಿ ಉಂಗುರವಿರುವ ಮುಸುವ. ಆಗತಾನೇ ಕನ್ನಡಕ ಬಂದಿದ್ದ ನನಗೆ ಅದರ ಮೇಲೆ ವಿಶೇಷ ಮಮತೆ. ಎಲ್ಲಕ್ಕಿಂತ ಹೆಚ್ಚಾಗಿ, ಅಲ್ಲಿ ಸರೋವರದ ನಡುವೆ ಒಂದು ಅರಮನೆಯಿದೆ. ಮೈಸೂರಿನ ಅರಮನೆಗೂ ಒಂದು ಕೊರತೆ ಇರಬಹುದೆಂದು ನನಗೆ ಹೊಳೆದದ್ದು ಆಗಲೇ.

ತಾಲೀಮಿನ ಭಾನುವಾರ ನನ್ನ ಜಾಗ ನೋಡಿದೆ. ಚಾಪೆಯ ತುಂಡಿನಷ್ಟಿತ್ತು. ಒಳಗೆ ಬಸವರಾಜ ಅಂಕಲ್ ಟೇಪಿನ ತುಂಡೊಂದರ ಮೇಲೆ 'ತ್ರಿಪುರ' ಎಂದು ಬರೆದು, ಕೆಳಗೆ ನನ್ನ ಹೆಸರು 'ಸುಮನಾ' ಎಂದೂ ಬರೆದಿದ್ದರು. ಬಾಂಗ್ಲಾದೇಶವಾಗಲು ಮಕ್ಕಳು ಮಿಕ್ಕಿರದ ಕಾರಣ ಮೂರು ಕಡೆ ಖಾಲಿ. ಪಕ್ಕದ ಮಿಜೋರಾಂನಲ್ಲಿ ನನ್ನ ಗೆಳತಿ ಅದಿತಿ ಕೂತು ಚ್ಯೂಯಿಂಗ್ ಗಮ್ ಅಗಿಯುತ್ತಿದ್ದಳು.

ಆಗ ಸಭಾಂಗಣದ ಮೇಲ್ವಿಚಾರಕ ಗ್ರಹಾಂ ಬಂದ. ಚಡ್ಡಿ, ಸೊಂಟದಲ್ಲಿ ಬೀಗದ ಕೈಗಳ ಗೊಂಚಲು. ಈಶಾನ್ಯ ಭಾರತವನ್ನು ಒಂದು ಕ್ಷಣ ದಿಟ್ಟಿಸಿ, "ಸಾರಿ ಮೇಟ್, ಕಾಂಟ್ ಹ್ಯಾವ್ ಕಿಡ್ಸ್ ಹಿಯರ್. ಫೈರ್ ಎಕ್ಸಿಟ್" ಎಂದ.

ನಿಜವೇ. ಬೆಂಕಿ ಬಿದ್ದರೆ ಓಡುವ ಬಾಗಿಲಿಗೆ ಅಡ್ಡವಾಗಿ ಏಳು ರಾಜ್ಯಗಳು ನಿಂತಿದ್ದವು. ಅಂಕಲ್ ಅಳತೆಪಟ್ಟಿ ಎಳೆದರು, ತಲೆ ಕೆರೆದರು, ಕಾರ್ಯದರ್ಶಿಗಳೊಂದಿಗೆ ಪಿಸುಗುಟ್ಟಿದರು, ಕೊನೆಗೆ ತೀರ್ಪು ಹೇಳಿದರು: "ಹಿಂಗ್ ಮಾಡೂಣು. ಅಸ್ಸಾಂ ಒಂದ ಒಳಗ ಸರದು ಎಲ್ಲಾರ ಪರವಾಗಿ ಮಾತಾಡ್ಲಿ. ಉಳಿದವ್ರು ಮುಂದಿನ ಬಾಗಿಲದಾಗ ಬಂದವ್ರಿಗೆ ಬಾದಾಮಿ ಹಾಲು ಕೊಡ್ರಿ."

"ಯೆಸ್!" ಎಂದು ಅದಿತಿ ಹಾರಿದಳು. ಮಣಿಪುರ, ನಾಗಾಲ್ಯಾಂಡ್‌ಗಳೂ ಕಾರ್ ಪಾರ್ಕಿಗೆ ಜೂಟಾಟ ಆಡಲು ಓಡಿದವು. ನಾನು ಓಡಲಿಲ್ಲ.

"ನೀನ್ಯಾಕ್ ನಿಂತಿ ಅವ್ವಾ? ಆಡಾಕ್ ಹೋಗು."

"ತ್ರಿಪುರಾನ ತೆಗೆಯೋ ಹಾಗಿಲ್ಲ ಅಂಕಲ್."

"ನನ್ ಕೈಯಾಗ ಏನೈತಿ? ಇಲ್ಲಿ ರೂಲ್ಸ್ ಐತಿ."

"ಅದು ಸ್ಟೇಟು. ಸ್ಟೇಟ್‌ನ ತೆಗೆಯಕ್ಕಾಗಲ್ಲ."

"ತಗದೇನಿ ಅಂತ ಯಾರ ಅಂದ್ರು? ಅಸ್ಸಾಂ ಹೇಳತೈತಲ್ಲ."

"ಅಸ್ಸಾಂಗೆ ಅರಮನೆ ವಿಷ್ಯ ಗೊತ್ತಿಲ್ಲ!"

ಅಡುಗೆಮನೆಯಲ್ಲಿದ್ದ ಅಮ್ಮ ಕೈ ಒರೆಸಿಕೊಂಡು ಬಂದಳು. "ಏನೇ ಇದು ರಂಪ? ಒಂದ್ ನಿಮಿಷ ನಿಂತ್ ಗೊತ್ತಿಲ್ಲ ನಿಂಗೆ, ಇವತ್ತೇನು ಗೂಟ ಹೊಡ್ಕೊಂಡಿದೀಯ? ಬಾ ಈಚೆಗೆ, ಮಾನ ತೆಗೀಬೇಡ."

ನಾನು ಎರಡೂ ಪಾದಗಳನ್ನು ಟೇಪಿನೊಳಗೆ ಒತ್ತಿ ಹಿಡಿದು ಹೇಳಿದೆ, "ಇಲ್ಲಿಂದಾನೂ ಹೋಗ್ಬೇಕಾ ಅಮ್ಮ?"

ಅಮ್ಮ ನನ್ನ ಹೆಸರಿದ್ದ ನೆಲವನ್ನೊಮ್ಮೆ ನೋಡಿದಳು. ಆಮೇಲೆ, ಸಂಘದ ಇತಿಹಾಸದಲ್ಲಿ ಯಾರೂ ಮಂಡಿಸಿರದ ಒಂದು ಠರಾವನ್ನು ಮಂಡಿಸಿದಳು: "ಬಸವರಾಜ್ ಅವ್ರೇ, ಇಡೀ ಇಂಡಿಯಾನೇ ಒಂಚೂರು ಆ ಕಡೆಗೆ ಸರ್ಸಕ್ಕಾಗಲ್ವಾ?"

"ಇಡೀ ಇಂಡಿಯಾ?" ಅಂಕಲ್ ಅವಳನ್ನು ನೋಡಿದರು. ಬೆಳಗಿನಿಂದ ಅಂಟಿಸಿದ್ದ ದೇಶವನ್ನು ನೋಡಿದರು. ತಮ್ಮ ಮೊಣಕಾಲುಗಳನ್ನೂ ನೋಡಿಕೊಂಡರು. "ಅಲ್ರೀ ಮೇಡಂ, ಗುಜರಾತ್ ಹೋಗಿ ಅಡಿಗಿಮನ್ಯಾಗ ಬೀಳ್ತೈತಿ!"

"ಬೀಳ್ಲಿ. ಅಲ್ಲೇ ಊಟ ಇರತ್ತೆ."

ಗುಜರಾತ್ ಆಗಿದ್ದ ಹುಡುಗ ಆಕ್ಷೇಪಣೆ ಇಲ್ಲವೆಂದ. ಕಾರ್ಯದರ್ಶಿಗಳಿಗೆ ಇತ್ತು. ಕರ್ನಾಟಕವು ಸಭೆಯ ನಟ್ಟನಡುವಿನಿಂದ ತಪ್ಪಿ ಫೋಟೋಗ್ರಾಫರನಿಗೆ ಓರೆಯಾಗುತ್ತದೆಂದರು. ಬಸವರಾಜ ಅಂಕಲ್ "ಹುಡುಗಿ ನಿಂತಾಳಲ್ರಿ" ಎಂದಷ್ಟೇ ಅಂದು, ಕಾಶ್ಮೀರದ ತುದಿಯಿಂದ ಟೇಪು ಕೀಳತೊಡಗಿದರು. ಅಪ್ಪನೂ ಬಂದು ಮೊಣಕಾಲೂರಿದ. ಸಂಜೆಯಾಗುವಷ್ಟರಲ್ಲಿ ಹಿಮಾಲಯದಿಂದ ಕನ್ಯಾಕುಮಾರಿಯವರೆಗೆ ಸಮಸ್ತ ಭರತಖಂಡವು ಒಂದು ಹೆಜ್ಜೆ ಪಡುವಣಕ್ಕೆ ಸರಿದು, ಗ್ರಹಾಂನ ಅನುಮೋದನೆ ಪಡೆಯಿತು. "ಸ್ವೀಟ್ ಆ್ಯಸ್" ಎಂದನಾತ. ಇಲ್ಲಿಯವರ ಬಾಯಲ್ಲಿ ಅದು 'ಭೇಷ್'.

ಉತ್ಸವದ ದಿನ ಅಮ್ಮ ಎರಡು ಪಟ್ಟೆಪಟ್ಟೆ ದುಪಟ್ಟಾಗಳನ್ನು ಸೇಫ್ಟಿ ಪಿನ್ನಿನಿಂದ ಜೋಡಿಸಿ ನನ್ನನ್ನು ತ್ರಿಪುರದ ಹೆಂಗಸನ್ನಾಗಿ ಮಾಡಿದಳು. ಬಾದಾಮಿ ಹಾಲು ತಪ್ಪಿಸಿದ್ದಕ್ಕಾಗಿ ಅದಿತಿ ನನ್ನೊಂದಿಗೆ ಮಾತು ಬಿಟ್ಟಿದ್ದಳು. ಮೈಕಿನ ತಂತಿ ಬಿಹಾರಕ್ಕೇ ಮುಗಿದದ್ದರಿಂದ ನಾನು ಕಿರುಚಬೇಕಾಯಿತು. ರಾಜಧಾನಿ, ಬೆಳೆ, ಮುಸುವ, ನೀರಿನ ನಡುವಿನ ಅರಮನೆ, ಎಲ್ಲವನ್ನೂ ಕಿರುಚಿದೆ. ಹಿಂದಿನ ಸಾಲಿನ ಆಂಟಿಯೊಬ್ಬರು "ಎಷ್ಟ್ ಜೋರಿದೆ ಈ ಮಗು" ಎಂದದ್ದು ಕೇಳಿಸಿತು. ಕಾಲು ಮಾತ್ರ ಅಲುಗಲಿಲ್ಲ. ರಾಷ್ಟ್ರಗೀತೆ ಮುಗಿಯುವ ತನಕವೂ ಅಲುಗಲಿಲ್ಲ.

ಮುಗಿದದ್ದೇ ತಡ ದೇಶವೆಲ್ಲ ತಟ್ಟೆ ಹಿಡಿದು ಓಡಿತು. ಬಸವರಾಜ ಅಂಕಲ್ ಗುಜರಾತಿನಿಂದ ಟೇಪು ಕೀಳುತ್ತ, ರಾಜ್ಯಗಳನ್ನು ಉಂಡೆ ಮಾಡುತ್ತ ನನ್ನ ಬಳಿಗೆ ಬಂದರು.

"ಆತಲ್ಲವ್ವಾ. ಉಣ್ಣಾಕ್ ನಡಿ."

"ಇನ್ನೊಂಚೂರು ಹೊತ್ತು."

ಅವರು ನನ್ನ ಪಾದ ನೋಡಿದರು. "ಹಂಗಾರ ಇದೊಂದ್ ಇರ್ಲಿ ಬಿಡು" ಎಂದು, ಮಿಜೋರಾಂ ಒಂದನ್ನು ಸುತ್ತಿಕೊಂಡು ಹೊರಟರು. ಅಮ್ಮ ತಟ್ಟೆಯನ್ನು ಅಲ್ಲಿಗೇ ತಂದಳು. ಹಾಗಾಗಿ ಆ ಬಿಸಿಬೇಳೆಬಾತನ್ನು ನಾನು ತ್ರಿಪುರದಲ್ಲಿ ಕೂತು ಉಂಡೆ. ನಾವು ಹೊರಟಾಗಲೂ ಟೇಪು ನೆಲದ ಮೇಲೇ ಇತ್ತು. ಸೋಮವಾರ ಗ್ರಹಾಂ ಕಿತ್ತಿರಬೇಕು.

ಡಿಸೆಂಬರಿನಲ್ಲಿ ರೊಟೊಟೂನಕ್ಕೆ ಹೋದೆವು. ಅಲ್ಲಿಂದ ಎರಡು ವರ್ಷಕ್ಕೆ ಮತ್ತೊಂದು ಮನೆ. ಬಸವರಾಜ ಅಂಕಲ್ ಈಗ ಬ್ರಿಸ್ಬೇನ್‌ನಲ್ಲಿದ್ದಾರಂತೆ. ಸಭಾಂಗಣವಿದ್ದಲ್ಲಿ ಅಪಾರ್ಟ್‌ಮೆಂಟುಗಳೆದ್ದಿವೆ. ಸಂಘದವರು ಈಗ ರಾಜ್ಯಗಳನ್ನು ದೊಡ್ಡ ಪರದೆಯ ಮೇಲೆ ತೋರಿಸುತ್ತಾರೆ, ಮಕ್ಕಳು ಕುರ್ಚಿಯಲ್ಲಿ ಕೂತು ನೋಡುತ್ತಾರೆ. ಯಾರೂ ಬಾಗಿಲಿಗೆ ಅಡ್ಡವಾಗುವುದಿಲ್ಲ.

ನಾನು ತ್ರಿಪುರಕ್ಕೆ ಇನ್ನೂ ಹೋಗಿಲ್ಲ. ಆಮೇಲೆ ಹಾಸ್ಟೆಲ್ಲುಗಳು ಬಂದವು, ಫ್ಲ್ಯಾಟುಗಳು, ಕಚೇರಿಯ ಮೇಜುಗಳು ಬಂದವು. ಪ್ರತಿ ಕಡೆಯೂ ಒಂದು ದಿನ ಯಾರೋ ಬಂದು ಇಲ್ಲಿ ಜಾಗ ಸಾಲದು ಎಂದಿದ್ದಾರೆ, ಬಹಳ ಸಭ್ಯವಾಗಿಯೇ. ನಾನೂ ಸಭ್ಯವಾಗಿಯೇ ಪೆಟ್ಟಿಗೆ ಕಟ್ಟಿದ್ದೇನೆ. ಇಡೀ ದೇಶವನ್ನು ಒಂಚೂರು ಆ ಕಡೆಗೆ ಸರಿಸಿ ಎಂದು ಕೇಳುವುದಕ್ಕೆ ನನಗೆ ಬಾಯಿ ಬಂದಿಲ್ಲ.