ಖಾದಿಯ ಮೇಲಿನ ಐದು ಚುಕ್ಕೆ

ಕಾಯುವುದು ಎಂದರೆ ನನಗೆ ಮೈಮೇಲೆ ಇರುವೆ ಬಿಟ್ಟ ಹಾಗೆ. ಹೆರಿಗೆ ಮಾಡಿಸುವ ಡಾಕ್ಟರಿಗೆ ಇಂಥ ಸ್ವಭಾವ ಇರಬಾರದು, ಒಪ್ಪುತ್ತೇನೆ. ನೋವು ತಿನ್ನುವವಳ ಹಾಸಿಗೆಯ ಪಕ್ಕ ಕೂತಾಗ ಮಾತ್ರ ಹೇಗೋ ತಣ್ಣಗಿರುತ್ತಿದ್ದೆ. ಅಲ್ಲಿಂದ ಎದ್ದೆನೆಂದರೆ ಮುಗಿಯಿತು, ಮನೆಯವರಿಗೆಲ್ಲ ಗ್ರಹಚಾರ. "ಇಕೀ ಕಾಲಿಗೆ ಚಕ್ರಾ ಕಟ್ಟೇ ಕಳಸ್ಯಾರ," ಎಂದು ನಮ್ಮ ಅತ್ತೆ ಧಾರವಾಡದ ನನ್ನ ತವರಿನವರನ್ನು ಅನ್ನುತ್ತಿದ್ದರು. ನನ್ನ ಗಂಡ ರೈಲ್ವೆ ಕಚೇರಿಯಲ್ಲಿ ಗುಮಾಸ್ತರು, ಸಮಾಧಾನದ ಮನುಷ್ಯ. ಚಹಾ ಆರುವ ತನಕ ಬಸಿಯನ್ನೇ ನೋಡುತ್ತ ಕೂಡಬಲ್ಲವರು. ನಾನು ನಾಲಿಗೆ ಸುಟ್ಟುಕೊಂಡು ಕುಡಿದು, ಚಪ್ಪಲಿ ಮೆಟ್ಟಿ, ಬಾಗಿಲಲ್ಲಿ ನಿಂತು ಅವರ ಮೇಲೆ ಸಿಡುಕುತ್ತಿದ್ದೆ.

ಯುದ್ಧ ಮುಗಿದ ಮರುವರ್ಷ ನಾವು ಒಂದು ಪುಟ್ಟ ಕಾರು ಕೊಂಡೆವು. ವಿಲಾಯತಿಗೆ ಮರಳುವ ಅವಸರದಲ್ಲಿದ್ದ ದೊರೆಯೊಬ್ಬ ಬಿಟ್ಟುಕೊಟ್ಟ ಹಳೆಯ ಗಾಡಿ ಅದು. ಎರಡೇ ಬಾಗಿಲು, ಹಿಂದೆ ಇಬ್ಬರು ಕೂತರೆ ಮೂರನೆಯವರು ಉಸಿರು ಬಿಡುವಂತಿಲ್ಲ. ಪುಣೆಯ ನಮ್ಮ ಪೇಠೆಯ ಜನ ಅದನ್ನು ಬೇಬಿ ಕಾರು ಎನ್ನುತ್ತಿದ್ದರು. ಸೀರೆ ಉಟ್ಟ ಹೆಂಗಸು ಅದನ್ನು ಓಡಿಸುವುದನ್ನು ನೋಡಲು ವಾಡೆಯ ಕಿಟಕಿಗಳೆಲ್ಲ ತೆರೆಯುತ್ತಿದ್ದವು. ನೋಡಲಿ ಬಿಡಿ! ನನಗೆ ಅದು ಮೆರೆಯುವ ವಸ್ತುವಾಗಿರಲಿಲ್ಲ. ಟಾಂಗಾದವನ ಕುದುರೆ ಮೇವು ಮುಗಿಸುವುದನ್ನು ಕಾಯದೆ ಹೊರಡಬಹುದಿತ್ತಲ್ಲ, ಅದೇ ನನಗೆ ದೊಡ್ಡ ಸುಖ.

ಆ ಬೇಸಿಗೆ ಧನಕವಡಿಯ ಒಬ್ಬಳು ನನ್ನ ಕೈಗೆ ಬಂದಳು. ಆಗ ಧನಕವಡಿ ಊರಾಚೆಯ ಹಳ್ಳಿ, ಸ್ವಾರಗೇಟ್ ದಾಟಿ ಕಾತ್ರಜದ ದಾರಿಯಲ್ಲಿ ಹೋಗಬೇಕು. ತರಕಾರಿ ಬೆಳೆಯುವವರ ಮನೆಯ ಸೊಸೆ, ಇಪ್ಪತ್ತೆರಡರ ಪ್ರಾಯ ಇರಬಹುದು. ಮೊದಲಿನ ಎರಡು ಕೂಸುಗಳೂ ಉಳಿದಿರಲಿಲ್ಲ. ಈ ಮೂರನೆಯದು ಹೊಟ್ಟೆಯಲ್ಲಿ ಕಾಲು ಕೆಳಗೆ ಮಾಡಿ ಕೂತಿತ್ತು. ಆಸ್ಪತ್ರೆಗೆ ಬಾ ಎಂದರೆ ಇಡೀ ಮನೆ ತಲೆಯಾಡಿಸಿತು, ಹಿಂದಿನ ವರ್ಷ ಹಾಗೆ ಹೋದ ಅವಳ ಓರಗಿತ್ತಿ ತಿರುಗಿ ಬಂದಿರಲಿಲ್ಲ. ಅವಳು ನನ್ನ ಕೈ ಎಳೆದು ತನ್ನ ಹೊಟ್ಟೆಯ ಮೇಲೆ ಇಟ್ಟುಕೊಂಡು ಮರಾಠಿಯಲ್ಲಿ ಕೇಳಿದಳು, "ತುಮ್ಹೀ ಯೇಣಾರ್ ನಾ, ಬಾಯಿ?" ನೀವು ಬರುತ್ತೀರಲ್ಲ, ಅಮ್ಮಾ?

ಬಂದೇ ಬರುತ್ತೇನೆ, ನೋವು ಶುರುವಾದ ಕೂಡಲೇ ಸೈಕಲ್ ಮೇಲೆ ಯಾರನ್ನಾದರೂ ಕಳಿಸಿ, ಅರ್ಧ ತಾಸಿನಲ್ಲಿ ಇಲ್ಲಿರುತ್ತೇನೆ ಎಂದೆ. ನನ್ನ ಬೇಬಿ ಕಾರಿನ ಗರ್ವದಿಂದಲೇ ಹೇಳಿದ ಮಾತು ಅದು.

ಅದೇ ದಿನ ವಾಪಸು ಬರುವಾಗ ಸ್ವಾರಗೇಟಿನ ಹತ್ತಿರ ಮುಂದಿನ ಬಲಗಾಲಿ ಒಂದು ಗುಂಡಿಗೆ ಬಿತ್ತು. ದಡ್ ಎಂದ ಶಬ್ದ ನನ್ನ ಹಲ್ಲಿನ ತನಕ ಬಂತು. ಗಾಲಿಯ ನಡುವಿನ ತಗಡು ನಟ್ಟಿನ ತೂತಿನಿಂದ ತೂತಿಗೆ ಸೀಳಿತ್ತು. ಹೆಚ್ಚಿನ ಗಾಲಿ ಅಂತ ಹಿಂದೆ ಕಟ್ಟಿಕೊಂಡಿದ್ದು ಎಂದೋ ತುಕ್ಕು ತಿಂದು ಕೂತಿತ್ತು. ನಾಲ್ಕು ಜನ ಸೇರಿ ಗಾಡಿಯನ್ನು ಮನೆಗೆ ಮುಟ್ಟಿಸಿದರು. ಮರುದಿನ, ಅಂದರೆ ಶನಿವಾರ, ಒಡೆದ ಗಾಲಿಯನ್ನು ಕಮ್ಮಾರನಿಗೆ ಕೊಟ್ಟೆ. ಆ ಪುಣ್ಯಾತ್ಮ ಅದನ್ನು ಕಾಯಿಸಿ, ಬಡಿದು, ದುಂಡಗಿನ ತೂತುಗಳನ್ನು ಹುಣಸೆಬೀಜದ ಹಾಗೆ ಎಳೆದು ಕೊಟ್ಟ. ಹೊಸ ಗಾಲಿಯ ಮಾತೇ ಇರಲಿಲ್ಲ, ಯುದ್ಧದ ನಂತರ ಅಂಥದ್ದೆಲ್ಲ ಅಂಗಡಿಗಳಿಗೆ ಬರುವುದೇ ನಿಂತಿತ್ತು. ಉಳಿದ ದಾರಿ ಒಂದೇ, ಜುನಾ ಬಜಾರ. ಹಳೆಯ ಸಾಮಾನಿನ ಆ ಸಂತೆ ನೆರೆಯುವುದು ರವಿವಾರ, ಅದು ತಪ್ಪಿದರೆ ಬುಧವಾರ.

ರವಿವಾರ ಬೆಳಗ್ಗೆ ಎದ್ದವಳೇ ಗಂಡನನ್ನು ಎಬ್ಬಿಸಿದೆ. ಗಾಲಿ ಕೊಳ್ಳಬೇಕೆಂದರೆ ಅಳತೆ ಬೇಕು. ಟಯರಿನ ಮೇಲೆ ಅದರ ಅಳತೆ ಬರೆದಿತ್ತು, ರಿಮ್ಮಿನ ಚಿಂತೆ ಇರಲಿಲ್ಲ. ಚಿಂತೆಯೆಲ್ಲ ನಡುವಿನ ತೂತುಗಳದ್ದು. ಗಾಡಿಯ ಕಡೆಯಿಂದ ಐದು ಬೋಲ್ಟುಗಳು ಹೊರಗೆ ಚಾಚಿರುತ್ತವೆ, ಗಾಲಿಯ ಐದು ತೂತು ಕರಾರುವಾಕ್ಕಾಗಿ ಅವುಗಳ ಮೇಲೆ ಕೂರಬೇಕು. ಕೂದಲೆಳೆಯಷ್ಟು ಹೆಚ್ಚುಕಡಿಮೆಯಾದರೂ ಗಾಲಿ ಒಳಗೆ ಹೋಗುವುದಿಲ್ಲ, ಒತ್ತಾಯದಿಂದ ಕೂರಿಸಿದರೆ ದಾರಿಯಲ್ಲಿ ಕಳಚುತ್ತದೆ. ನಾಲ್ಕು ಇದ್ದಿದ್ದರೆ ಎದುರುಬದುರು ಅಳೆಯಬಹುದಿತ್ತು. ಐದರಲ್ಲಿ ಯಾವುದಕ್ಕೂ ಎದುರು ಜೋಡಿಯೇ ಇಲ್ಲ! ಗಂಡ ಫುಟ್‌ಪಟ್ಟಿ ಹಿಡಿದು ಮೂರು ಸಲ ಅಳೆದರು, ಮೂರು ಸಲವೂ ಬೇರೆಬೇರೆ ಲೆಕ್ಕ ಬಂತು.

"ಹಿಂಗ ಆಗೂದಿಲ್ಲ," ಎಂದರು. "ಒಳ್ಳೇ ಗಾಲಿ ಒಂದು ಬಿಚ್ಚಿ ಜೋಡಿ ಒಯ್ಯೂಣು. ಅದರ ಮ್ಯಾಲೆ ಇಟ್ಟು ನೋಡಿದ್ರ ಆತು."

ಸರಿಯಾದ ಮಾತೇ. ಆದರೆ ಉಳಿದ ಮೂರು ಗಾಲಿಗಳ ನಟ್ಟುಗಳು ತುಕ್ಕು ಹಿಡಿದು ಕೂತಿದ್ದವು. ನಟ್ಟು ಬಿಚ್ಚುವ ಪಾನಾದ ಮೇಲೆ ಗಂಡ ಹತ್ತಿ ನಿಂತರೂ ಒಂದೂ ಅಲುಗಲಿಲ್ಲ. ಅವರು ಎಣ್ಣೆ ಬಿಟ್ಟು ಕೈ ಒರೆಸಿಕೊಂಡರು. "ಮಧ್ಯಾಹ್ನದ ತನಕಾ ತಡಿ. ತಾವ ಸಡ್ಲ ಆಗತಾವ. ಊಟಾ ಮಾಡಿ ಹೋಗೂಣು, ಬಜಾರ ಎಲ್ಲಿ ಓಡಿ ಹೋಗತದ?"

"ನೀವು ಉಣ್ಣಕೋತ ಕೂಡ್ರಿ," ಎಂದೆ. "ಅಲ್ಲಿ ಒಳ್ಳೇದೆಲ್ಲಾ ಮುಂಜಾನೆನ ಹೋಗಿಬಿಡತದ."

ಆಗ ನನ್ನ ಜಾಣ ತಲೆಗೆ ಒಂದು ಉಪಾಯ ಹೊಳೆಯಿತು. ಅರಿಶಿನ ಕಲಸಿ ಐದೂ ಬೋಲ್ಟುಗಳ ತುದಿಗೆ ಹಚ್ಚಿದೆ. ಕಾಗದ ಒತ್ತಿದರೆ ಹರಿಯಿತು. ಗಂಡನ ಅಂಗಿಗೆಂದು ತಂದಿಟ್ಟಿದ್ದ ಹೊಸ ಖಾದಿಯಲ್ಲಿ ಒಂದು ತುಂಡು ಕತ್ತರಿಸಿ, ಜಾರದಿರಲಿ ಎಂದು ನೀರಿನಲ್ಲಿ ಅದ್ದಿ ಹಿಂಡಿ, ಬಿಗಿಯಾಗಿ ಹಿಡಿದು ಬೋಲ್ಟುಗಳ ಮೇಲೆ ಒತ್ತಿದೆ. ಐದು ಹಳದಿ ಚುಕ್ಕೆ ಅಚ್ಚುಕಟ್ಟಾಗಿ ಮೂಡಿದವು. ಫುಟ್‌ಪಟ್ಟಿ ಹಿಡಿದು ಬೆವರುತ್ತಿದ್ದ ಗಂಡನ ಮುಖದ ಮುಂದೆ ಅದನ್ನು ಬೀಸಿದೆ.

ಅತ್ತೆ ಕೈಯಲ್ಲಿ ಸೌಟು ಹಿಡಿದುಕೊಂಡೇ ಅಂಗಳಕ್ಕೆ ಬಂದರು. "ಏ ತಂಗಿ, ಅದು ಹೊಸಾ ಅರಿವಿ ಅದವಾ. ಮೊದ್ಲ ಒಮ್ಮೆ ತೋಯ್ಸಿ ಒಣಗ್ಸು, ಆಮ್ಯಾಲೆ…"

"ಕಲಿ ಬಿದ್ರ ಬೀಳವಲ್ತ್ಯಾಕ, ಅವ್ವಾ! ಒಂದು ಅಂಗಿ ಹೋದ್ರ ನಿಮ್ಮ ಮಗಾ ಬರೇ ಮೈಲೇ ತಿರಗೂದಿಲ್ಲ," ಎಂದು ಅವರ ಬಾಯಿ ಮುಚ್ಚಿಸಿದೆ. ಅವರಿಗೆ ಅರಿಶಿನದ ಕಲೆಯ ಚಿಂತೆ ಎಂದುಕೊಂಡಿದ್ದೆ. ಆಮೇಲೆ ಏನು ಎಂದು ಕೇಳಲೇ ಇಲ್ಲ. ಬಟ್ಟೆಯನ್ನು ಬಿಸಿಲಿಗೆ ಹಾಕಿದೆ, ವೈಶಾಖದ ಬಿಸಿಲು, ಸ್ನಾನ ಮುಗಿಸಿ ಬರುವಷ್ಟರಲ್ಲಿ ಹಪ್ಪಳದ ಹಾಗೆ ಒಣಗಿತ್ತು. ಮಡಚಿ ಚೀಲಕ್ಕೆ ಹಾಕಿಕೊಂಡು ಟಾಂಗಾ ಹತ್ತಿದೆ.

ಜುನಾ ಬಜಾರದಲ್ಲಿ ಕಾಲಿಡಲು ಜಾಗವಿರಲಿಲ್ಲ. ಮಿಲಿಟರಿಯವರು ಬಿಟ್ಟ ಬೂಟು, ಹಿಡಿಯಿಲ್ಲದ ಕೊಡ, ಕಿವಿ ಮುರಿದ ಗ್ರಾಮೊಫೋನು, ಎಲ್ಲದರ ನಡುವೆ ಬಿಳಿಗಡ್ಡದ ಮುದುಕನೊಬ್ಬ ಗಾಲಿಗಳನ್ನು ಹರವಿಕೊಂಡು ಕೂತಿದ್ದ. ಒಂದರ ತೂತು ಆರು, ಇನ್ನೊಂದು ಗಾತ್ರದಲ್ಲೇ ಲಾರಿಯದು. ಕೆಲವಕ್ಕೆ ನಡುವಿನ ತಗಡು ತೀರ ಹೊರಗೆ ಸರಿದಿತ್ತು, ಅಂಥದ್ದನ್ನು ಹಾಕಿದರೆ ತಿರುವಿನಲ್ಲಿ ಟಯರು ಒಳಗೆ ಉಜ್ಜುತ್ತದೆ ಎಂದು ಅವನೇ ಎತ್ತಿ ಪಕ್ಕಕ್ಕಿಟ್ಟ. ಕೊನೆಗೆ ಎರಡು ಉಳಿದವು. ಎರಡಕ್ಕೂ ಐದು ತೂತು, ಎರಡೂ ನನ್ನ ಟಯರಿಗೆ ಸರಿಹೋಗುವ ರಿಮ್ಮು, ಕಣ್ಣಿಗೆ ಅವಳಿ ಮಕ್ಕಳ ಹಾಗಿದ್ದವು.

ನಾನು ಖಾದಿ ಬಿಚ್ಚಿ ಹಾಸಿದೆ. ಒಂದರ ಮೇಲೆ ಐದು ಚುಕ್ಕೆಯೂ ತೂತಿನ ನಟ್ಟನಡುವೆ ಬಂದವು. ಇನ್ನೊಂದರಲ್ಲಿ ಜೋಳದ ಕಾಳಿನಷ್ಟು ತಪ್ಪುತ್ತಿತ್ತು.

ಮುದುಕ ನನ್ನ ಗಾಡಿ ಯಾವುದೆಂದು ಕೇಳಿದ. ಹೇಳಿದೆ. ಅವನು ಆ ತಪ್ಪಿದ್ದನ್ನೇ ಎತ್ತಿ ನನ್ನ ಮುಂದೆ ಇಟ್ಟ. ಬಾಯಿ, ನಿಮ್ಮ ಗಾಡಿಗೆ ಇದು, ಅಂಥ ಗಾಡಿಯ ಗಾಲಿ ಎಷ್ಟೋ ಬಿಚ್ಚಿದ್ದೇನೆ, ಬಟ್ಟೆಯ ಮಾತು ಬಿಡಿ, ಬೇಕಾದರೆ ಗಾಡಿಯದೇ ಒಂದು ಗಾಲಿ ತಂದು ನೋಡಿ, ಸಂಜೆಯ ತನಕ ಇಲ್ಲೇ ಇರುತ್ತೇನೆ ಎಂದ. ನನಗೆ ರೇಗಿತು. ಕಣ್ಣೆದುರು ಸರಿಹೊಂದಿದ್ದು ಬಿಟ್ಟು ಹೊಂದದ್ದನ್ನು ದಾಟಿಸಲು ನೋಡುತ್ತಾನಲ್ಲ! ಹೆಂಗಸು ಎಂದು ಟೋಪಿ ಹಾಕಬೇಡ, ನಾನು ಡಾಕ್ಟರು, ಕಣ್ಣಳತೆಯಲ್ಲೇ ಬದುಕುವವಳು ಎಂದು ನಾಲ್ಕು ಜನ ತಿರುಗಿ ನೋಡುವ ಹಾಗೆ ಅಂದೆ. ನಾನು ಆರಿಸಿದ್ದನ್ನೇ ಅವನು ಹೊತ್ತು ತಂದು ಟಾಂಗಾಕ್ಕೆ ಹಾಕಿಕೊಟ್ಟ.

ಅಲ್ಲಿಂದ ಒಬ್ಬ ರೋಗಿಯ ಮನೆ, ಇನ್ನೊಬ್ಬರ ಮನೆ ಎಂದು ಅಲೆದು ಮನೆ ಮುಟ್ಟುವಾಗ ಸಂಜೆ. ಅಂಗಳದ ಗೋಡೆಗೆ ಒಂದು ಒಳ್ಳೆಯ ಗಾಲಿ ಒರಗಿತ್ತು. ಊಟದ ಹೊತ್ತಿಗೇ ನಟ್ಟು ಸಡಿಲಾಗಿ ಗಂಡ ಅದನ್ನು ಬಿಚ್ಚಿ, ತೊಳೆದು, ನನಗಾಗಿ ಕಾದಿದ್ದರು. ನಾವಿಬ್ಬರೂ ನಾನು ತಂದ ಗಾಲಿಯನ್ನು ಬೋಲ್ಟುಗಳಿಗೆ ಹಿಡಿದೆವು. ಎರಡು ಬೋಲ್ಟು ಒಳಗೆ ಹೋದವು, ಉಳಿದ ಮೂರು ತೂತಿನ ಅಂಚಿಗೆ ತಾಗಿ ನಿಂತವು. ತಿರುಗಿಸಿ ಹಿಡಿದೆವು, ಒದ್ದೆವು, ಏನೂ ಇಲ್ಲ. ನಾನು ಖಾದಿಯನ್ನು ಕಿತ್ತು ತಂದು ಬೋಲ್ಟುಗಳ ಮೇಲೆ ಹಿಡಿದೆ. ಬೆಳಗ್ಗೆ ಅದೇ ಬೋಲ್ಟುಗಳಿಂದ ಮೂಡಿದ ಚುಕ್ಕೆಗಳು ಈಗ ಅವುಗಳಿಗೇ ಹೊಂದುತ್ತಿರಲಿಲ್ಲ. ಜೋಳದ ಕಾಳಿನಷ್ಟು ಒಳಗೆ ಬಂದಿದ್ದವು.

"ಹೊಸಾ ಖಾದಿ ತೋಯ್ದು ಒಣಗಿದ್ರ ಕುಗ್ಗತದ, ತಂಗಿ," ಎಂದರು ಬಾಗಿಲಲ್ಲಿ ನಿಂತ ಅತ್ತೆ. "ಅದಕ್ಕ ಕುಪ್ಪಸದ ಅರಿವಿ ಸೈತ ಮೊದ್ಲ ತೋಯ್ಸಿನ ಹೊಲೀಲಿಕ್ಕೆ ಕೊಡತೇವಿ. ಅಷ್ಟ ಹೇಳ್ಲಿಕ್ಕೆ ಬಂದಿದ್ದೆ."

ಹನ್ನೆರಡು ವರ್ಷದ ಹುಡುಗಿಗೂ ಗೊತ್ತಿರುವ ಸಂಗತಿ. ನಾನು ಪುಸ್ತಕ ಓದುತ್ತ ಬೆಳೆದವಳು, ಸೂಜಿ ಹಿಡಿದಿದ್ದು ಮಂದಿಯ ಮೈ ಹೊಲಿಯಲಿಕ್ಕೆ ಮಾತ್ರ. ಬಜಾರ ಅಷ್ಟೊತ್ತಿಗೆ ಎದ್ದು ಹೋಗಿತ್ತು. ಬುಧವಾರ ನೋಡೋಣ ಎಂದರು ಗಂಡ. ಅವಳಿಗೆ ಇನ್ನೂ ಎಂಟು ದಿನವಾದರೂ ಇದೆ ಎಂದು ನನಗೆ ನಾನೇ ಹೇಳಿಕೊಂಡೆ.

ಸೋಮವಾರ ಬೆಳಗ್ಗೆ ಎಂಟಕ್ಕೆ ಅವಳ ಮೈದುನ ಸೈಕಲ್ ಮೇಲೆ ಬಂದ. ನೋವು ಶುರುವಾಗಿದೆ, ನೀರು ಹೋಗಿದೆ. ಅಂಗಳದಲ್ಲಿ ಕಾರು ಇಟ್ಟಿಗೆಯ ಮೇಲೆ ಕುಂಟುತ್ತ ನಿಂತಿತ್ತು. ನಾನು ಬೀದಿಗೆ ಓಡಿದೆ. ಮೊದಲ ಟಾಂಗಾದವನು ಅಷ್ಟು ದೂರ ಒಲ್ಲೆ ಎಂದ. ಎರಡನೆಯವನು ಪದ್ಮಾವತಿ ಗುಡಿಯ ತನಕ ಎಂದ. ಹತ್ತಿದೆ. ಆ ಕುದುರೆಯ ಪ್ರತಿಯೊಂದು ಹೆಜ್ಜೆ ನನ್ನ ಎದೆಯ ಮೇಲೆ ಬೀಳುತ್ತಿತ್ತು. ಹೊಡಿ, ಹೊಡಿ ಎಂದು ಕೂಗಿದೆ, ಇಳಿದು ನಾನೇ ಎಳೆಯಲೇ ಎಂದೆ. ಗುಡಿಯ ಹತ್ತಿರ ಇಳಿದು, ಚೀಲ ತಲೆಯ ಮೇಲಿಟ್ಟುಕೊಂಡು, ಸೀರೆ ಮೇಲೆತ್ತಿ ಸಿಕ್ಕಿಸಿ, ಬಂಡಿದಾರಿಯಲ್ಲಿ ಓಡಿದೆ. ಓಡಲಾಗದಿದ್ದಾಗ ನಡೆದೆ, ಮತ್ತೆ ಓಡಿದೆ.

ಮನೆಯ ಮುಂದೆ ಗಂಡಸರು ಸುಮ್ಮನೆ ನಿಂತಿದ್ದರು. ಅದನ್ನು ನೋಡಿದರೆ ಸಾಕು, ನಮ್ಮಂಥವರಿಗೆ ಗೊತ್ತಾಗುತ್ತದೆ. ಒಳಗೆ ಸೂಲಗಿತ್ತಿ ಗೋಡೆಗೆ ಒರಗಿ ಕೂತಿದ್ದಳು. ಬಾಯಿ, ಕೂಸಿನ ಮೈಯೆಲ್ಲ ಬಂದಿತ್ತು, ತಲೆಯೊಂದು ಬರಲಿಲ್ಲ, ಬಹಳ ಹೊತ್ತು ಬರಲಿಲ್ಲ ಎಂದಳು. ಗಂಡುಕೂಸು. ಇನ್ನೂ ಬೆಚ್ಚಗಿತ್ತು. ಊದಿದೆ, ತಟ್ಟಿದೆ, ಮಾಡುವುದೆಲ್ಲ ಮಾಡಿದೆ. ಸಿಕ್ಕ ತಲೆಯನ್ನು ಬಿಡಿಸುವುದು ಹೇಗೆಂದು ಈ ಕೈಗಳಿಗೆ ಗೊತ್ತಿತ್ತು, ಕೆಲವೇ ನಿಮಿಷದ ಕೆಲಸ. ಆ ಕೈಗಳು ಆಗ ಟಾಂಗಾದಲ್ಲಿ ಕೂತು ತೊಡೆ ಗುದ್ದಿಕೊಳ್ಳುತ್ತಿದ್ದವು.

ತಾಯಿ ಉಳಿದಳು. ಅವಳು ಕಣ್ಣು ತೆರೆದು ನನ್ನ ಧೂಳು ಹಿಡಿದ ಕಾಲುಗಳನ್ನು ನೋಡಿ, ಬಾಯಿ ನಡೆದು ಬಂದಿದ್ದಾರೆ, ನೀರು ಕೊಡಿ ಎಂದು ತನ್ನ ಅತ್ತೆಗೆ ಹೇಳಿದಳು. ಆ ತಂಬಿಗೆಯನ್ನು ಹೇಗೆ ಹಿಡಿದೆನೋ ನನಗೆ ನೆನಪಿಲ್ಲ. ಗಾಡಿಯ ಗಾಲಿ ಮುರಿದಿತ್ತು ಎಂದೆ. ಎಲ್ಲರೂ ಪಾಪ ಎಂದರು. ಖಾದಿಯ ಮಾತು ಹೇಳಲಿಲ್ಲ.

ಬುಧವಾರ ಮತ್ತೆ ಜುನಾ ಬಜಾರಕ್ಕೆ ಹೋದೆ. ಮುದುಕನ ಮುಂದೆ ಆ ಇನ್ನೊಂದು ಗಾಲಿ ಹಾಗೆಯೇ ಇತ್ತು. ಗಂಡ ಹೊತ್ತು ತಂದಿದ್ದ ನಮ್ಮ ಗಾಲಿಯನ್ನು ಅದರ ಮೇಲಿಟ್ಟರೆ ಐದು ತೂತಿಗೂ ಐದು ತೂತು ಕೂತವು. ಅವತ್ತು ಬೈದಿದ್ದು ತಪ್ಪಾಯಿತು ಎಂದೆ. ಇರಲಿ ಬಾಯಿ, ಕೆಲಸ ಆಯಿತಲ್ಲ ಎಂದು ಅವನು ನಕ್ಕ. ಅವನಿಗೇನು ಗೊತ್ತು, ಪಾಪ.

ಮರುವರ್ಷ ದಸರೆಯ ಹೊತ್ತಿಗೆ ಅವಳು ಮತ್ತೆ ದಿನ ತುಂಬಿ ಕೂತಳು. ಕಾರು ಚೆನ್ನಾಗಿ ಓಡುತ್ತಿತ್ತು. ಆದರೂ ನಾನು ಹತ್ತು ದಿನ ಮುಂಚೆಯೇ ಚೀಲ ಹಾಸಿಗೆ ಕಟ್ಟಿಕೊಂಡು ಧನಕವಡಿಗೆ ಹೋಗಿ ಅವರ ಪಡಸಾಲೆಯಲ್ಲಿ ಉಳಿದೆ. ಪುಣೆಯ ರೋಗಿಗಳು ಬೈದರು, ಬೈಯಲಿ. ಹತ್ತು ದಿನ! ಬದನೆ ಕೀಳುವುದನ್ನು ನೋಡುತ್ತ, ಬಾವಿಯ ಸುತ್ತ ಸುತ್ತುತ್ತ, ಬೆರಳು ಮುರಿದುಕೊಳ್ಳುತ್ತ ಕಳೆದೆ. ಜೀವನದಲ್ಲಿ ನಾನು ಸರಿಯಾಗಿ ಕಾದದ್ದು ಅದೊಂದೇ ಸಲ.

ನೋವು ಬಂದಾಗ ಅವಳು ನನ್ನ ಮಣಿಕಟ್ಟು ಹಿಡಿದುಕೊಂಡಳು. ಎರಡು ನೋವಿನ ನಡುವೆ ನನಗೆ ತಡೆಯಲಾಗಲಿಲ್ಲ, ಹೇಳಿಬಿಟ್ಟೆ. ಹೋದ ಸಲ ನಾನು ತಡವಾಗಿ ಬಂದಿದ್ದು ಗಾಲಿಯಿಂದಲ್ಲ, ಸರಿಯಾದ ಗಾಲಿ ನನ್ನ ಕೈಯಲ್ಲೇ ಇತ್ತು, ಅವಸರಕ್ಕೆ ಅಳತೆ ಕೆಡಿಸಿಕೊಂಡು ಅದನ್ನು ಬಿಟ್ಟು ಬಂದೆ, ತಪ್ಪು ನನ್ನದು ಎಂದೆ. ಅವಳು ಬೆವರಿದ ಮುಖ ಹೊರಳಿಸಿ ನನ್ನನ್ನು ನೋಡಿದಳು. ಅವಳ ಕಣ್ಣಲ್ಲಿ ನೀರು ಬಂತು. ನನ್ನ ಕೈ ಕೊಸರಿ ಎಸೆಯುತ್ತಾಳೆ ಎಂದುಕೊಂಡೆ, ಎಸೆಯಲಿ ಎಂದೂ ಅನಿಸಿತು. ಮುಂದಿನ ನೋವು ಏರಿತು. ಅವಳು ಹಿಡಿತ ಇನ್ನೂ ಬಿಗಿಮಾಡಿ, ಹಲ್ಲು ಕಚ್ಚಿಕೊಂಡು ಹೇಳಿದಳು, "ಆತಾ ಆಲಾತ್ ನಾ, ಬಾಯಿ."

ಈಗ ಬಂದಿದ್ದೀರಲ್ಲ.