ಖರ್ಬೂಜ ಗ್ರಹದ ಝಿಲ್ಮಿ

ತಾಂಡೂರಿನ ಈ ಕಲ್ಲಿನ ಡಿಪೋದಲ್ಲಿ ನನ್ನ ತಮ್ಮ ಗುಮಾಸ್ತನಾಗಿದ್ದ. ಹೋದ ತಿಂಗಳು ತೀರಿಕೊಂಡ. ಅವನ ಸಮಾಧಿಗೆ ಚಪ್ಪಡಿ ಒಯ್ಯಲು ನಾರಾಯಣಖೇಡದಿಂದ ಬಂದಿದ್ದೆ. ಲಾರಿ ಹೊರಡುವ ಹೊತ್ತಾದರೂ ನಾಲ್ವರು ಹಮಾಲರಿಂದ ಕಲ್ಲು ಏಳಲಿಲ್ಲ.

ಊಟದ ಹೊತ್ತಿನಲ್ಲಿ ತಮ್ಮ ಇವರಿಗೆ ಖರ್ಬೂಜ ಎಂಬ ಗ್ರಹದ ಕಥೆ ಕಟ್ಟಿ ಹೇಳುತ್ತಿದ್ದನಂತೆ. ಅಲ್ಲಿಯ ಝಿಲ್ಮಿ ಎಂಬ ಖನಿಜ, ಹತ್ತಿರದವರು ನಕ್ಕರೆ ಹಗುರ, ಅತ್ತರೆ ಭಾರ. ಅಂದಿನಿಂದ ಇವರು ನಗದೆ ತಾಂಡೂರಿನ ಕಲ್ಲಿಗೂ ಕೈ ಹಚ್ಚುವುದಿಲ್ಲ.

"ಅಣ್ಣಾರ, ನಿಮ್ಮ ಮಾರಿ ನೋಡಿ ಕಲ್ಲು ಭಾರ ಆಗ್ಯಾದ. ಜರಾ ಆಚಿ ಹೋಗ್ರಿ," ಎಂದ ಹಿರಿಯ ಹಮಾಲ ಮಾಣಿಕಪ್ಪ.

"ಕಲ್ಲಿಗಿ ಕಣ್ಣು ಎಲ್ಲಿ ಅವಪ್ಪ?" ಎಂದೆ.

"ಅದು ನಿಮ್ಮ ತಮ್ಮಗ ಕೇಳಬೇಕಿತ್ತು."

ನಾನು ಬೇವಿನ ಮರದ ಹಿಂದೆ ಹೋಗಿ ನಿಂತೆ. ಮಾಣಿಕಪ್ಪ ತಮ್ಮನ ಹಾಗೆಯೇ ಮೂಗಿನಲ್ಲಿ ಮಾತಾಡುತ್ತ, "ಹುಷಾರ್, ಝಿಲ್ಮಿ ಮಲಗ್ಯಾದ, ಎಬ್ಬಿಸಬ್ಯಾಡ್ರಿ," ಎಂದ. ಎಲ್ಲರೂ ನಕ್ಕರು. ಮರದ ಹಿಂದೆ ನಾನೂ ನಕ್ಕುಬಿಟ್ಟೆ. ತಮ್ಮ ಹೋದ ಮೇಲೆ ಅದೇ ಮೊದಲು. ಚಪ್ಪಡಿ ಎದ್ದಿತು.

ನನ್ನ ನಗು ಹಾಗೇ ಅಳುವಿಗೆ ತಿರುಗತೊಡಗಿತು. ಆಚೆಯಿಂದ ಮಾಣಿಕಪ್ಪ ಕೂಗಿದ: "ಅಣ್ಣಾರ, ಒಂದೀಟು ತಡೀರಿ, ಕಲ್ಲು ಇನ್ನಾ ನಮ್ಮ ಹೆಗಲ ಮ್ಯಾಲೇ ಅದ."