ಬೊಂಬಾಯಿ ಬಿಸ್ಕತ್ತಿನ ಸುರುಳಿ

ದಾಲ್ಚಿನ್ನಿ ಬಿಸಿಯಾಗುವಾಗ ಮೊದಲು ಬರುವುದು ಸಿಹಿಯ ವಾಸನೆಯಲ್ಲ, ಮರದ ವಾಸನೆ. ಸಿಹಿ ಅದರ ಬೆನ್ನಿಗೆ ನಿಧಾನವಾಗಿ ಬರುತ್ತದೆ. ಕಳೆದ ವಾರ ಹೆಮ್ಮಾಡಿಯ ನಮ್ಮ ಮನೆಯಲ್ಲಿ ಮೊಮ್ಮಗಳು ಓವನ್ನಿನಲ್ಲಿ ದಾಲ್ಚಿನ್ನಿಯ ಸುರುಳಿ ಬಿಸ್ಕತ್ತು ಮಾಡುತ್ತಿದ್ದಾಗ ಆ ವಾಸನೆ ಚಾವಡಿಗೆ ಬಂತು. ನಾನು ಓದುತ್ತಿದ್ದ ಪುಸ್ತಕವನ್ನು ಮಡಚಿಟ್ಟೆ. "ಅಜ್ಜಿ, ಇದ್ ನಿಮ್ಮ ಬೊಂಬಾಯಿ ಮಾವ ಕಲ್ಸಿದ್ ಬಿಸ್ಕತ್ತೇ ಅಲ್ದಾ?" ಎಂದು ಅವಳು ಒಳಗಿನಿಂದ ಕೇಳಿದಳು. ನಮ್ಮ ಕುಟುಂಬದಲ್ಲಿ ಎಲ್ಲರೂ ಹೇಳುವುದು ಹಾಗೆಯೇ. ಮಾವ ಮುಂಬಯಿಯ ದೊಡ್ಡ ಬೇಕರಿಯಲ್ಲಿ ಹಿರಿಯ ಕೆಲಸದಲ್ಲಿದ್ದರು, ಈ ವಿದ್ಯೆಯನ್ನು ಅಲ್ಲಿಂದ ನನ್ನ ಅಮ್ಮನ ತವರಾದ ನಾವುಂದಕ್ಕೆ ತಂದು ತಮ್ಮ ತಂಗಿಗೆ ಕಲಿಸಿದರು ಎಂಬುದು ಮದುವೆಮನೆಗಳಲ್ಲಿ ಇಂದಿಗೂ ಕೇಳಿಬರುವ ಕಥೆ. ಹತ್ತು ಜನ ಹೇಳಿದರೆಂಬ ಕಾರಣಕ್ಕೆ ಒಂದು ಮಾತನ್ನು ಒಪ್ಪುವ ಅಭ್ಯಾಸ ನನಗಿಲ್ಲ. ಏಳನೆಯ ತರಗತಿಗೆ ಶಾಲೆ ಬಿಟ್ಟವಳು ನಾನು. ಮುಂದಿನದನ್ನೆಲ್ಲ ಓದಿ, ಕಂಡು, ಪ್ರಶ್ನಿಸಿ ಕಲಿತುಕೊಂಡೆ. ಈ ಬಿಸ್ಕತ್ತಿನ ಮಟ್ಟಿಗಂತೂ ನಾನು ಪ್ರತ್ಯಕ್ಷ ಸಾಕ್ಷಿ. ಆದರೂ ಅರವತ್ತು ವರ್ಷ ಬಾಯಿ ಬಿಡಲಿಲ್ಲ.

ನಾವುಂದದ ಆ ಮನೆ ಈಗಿಲ್ಲ. ಹೆದ್ದಾರಿ ಅಗಲವಾದಾಗ ಅದರ ಅಂಗಳ, ಬಾವಿ, ಅಡುಗೆಮನೆ ಎಲ್ಲವೂ ಡಾಂಬರಿನ ಅಡಿಗೆ ಹೋದವು. ಬೈಂದೂರಿನ ಬಸ್ಸಿನಲ್ಲಿ ಕುಳಿತು ನಾನೀಗ ಅಮ್ಮಮ್ಮನ ಅಡುಗೆಮನೆಯ ಮೇಲೆಯೇ ಹಾದುಹೋಗುತ್ತೇನೆ. ನಾನು ಹುಡುಗಿಯಾಗಿ ಅಲ್ಲಿದ್ದಾಗ ಅಮ್ಮಮ್ಮನದೇ ಆಳ್ವಿಕೆ. ಅವರ ಕಿರಿಯ ಮಗಳು, ನನ್ನ ಚಿಕ್ಕಿ, ಮದುವೆಯಾದ ಎರಡನೆಯ ವರ್ಷವೇ ಗಂಡನ ಮನೆಯಿಂದ ಹಿಂದಿರುಗಿ ಬಂದಿದ್ದರು. ಏಕೆಂದು ಯಾರೂ ಕೇಳಲಿಲ್ಲ, ಅವರೂ ಹೇಳಲಿಲ್ಲ. ಗಂಡನನ್ನು ಬಿಟ್ಟು ಬಂದ ಹೆಣ್ಣು ದುಡಿಯಬಹುದಿತ್ತು, ಬಡಿಸಬಹುದಿತ್ತು. ತನ್ನ ಆಸೆಗೆಂದು ಏನನ್ನಾದರೂ ಮಾಡಿಕೊಳ್ಳುವುದು ಮಾತ್ರ ಅಮ್ಮಮ್ಮನ ದೃಷ್ಟಿಯಲ್ಲಿ ನಾಚಿಕೆಗೇಡು. ಬೆಣ್ಣೆಯ ಭರಣಿ ಇದ್ದದ್ದು ಅಮ್ಮಮ್ಮನ ಕೋಣೆಯಲ್ಲಿ.

ಮಳೆಗಾಲದ ಆಸಾಡಿ ತಿಂಗಳಲ್ಲಿ ನಮ್ಮಲ್ಲಿ ಪತ್ರೊಡೆ ಮಾಡುತ್ತಾರೆ. ಕೆಸುವಿನ ಎಲೆಗೆ ಅಕ್ಕಿಯ ಹಿಟ್ಟು ಬಳಿದು, ಎಲೆಯ ಮೇಲೆ ಎಲೆಯಿಟ್ಟು ಸುತ್ತಿ, ಬೇಯಿಸಿ ಕತ್ತರಿಸಿದರೆ ಒಳಗೆ ಹಸಿರು ಸುರುಳಿ ಕಾಣಿಸುತ್ತದೆ. ಚಿಕ್ಕಿ ಒಂದು ದಿನ ಆ ತುಂಡನ್ನು ಕೈಯಲ್ಲಿ ಹಿಡಿದು ಬಹಳ ಹೊತ್ತು ನೋಡುತ್ತ ಕುಳಿತಿದ್ದರು. ಮಳೆ ಬಿಟ್ಟ ಮೇಲೆ ಬಾವಿಯ ಹಿಂದಿನ ದಾಲ್ಚಿನ್ನಿ ಮರದ ತೊಗಟೆ ಕೆತ್ತಿದರು, ನೆರಳಲ್ಲಿ ಒಣಗಿಸಿ ಕುಟ್ಟಿದರು, ತೆಳ್ಳನೆಯ ಬಟ್ಟೆಯಲ್ಲಿ ಸೋಸಿದರು. ಬೆಣ್ಣೆ ಸಕ್ಕರೆ ಕಲಸಿದ ಗೋಧಿಹಿಟ್ಟನ್ನು ಬಾಳೆಯೆಲೆಯ ಮೇಲೆ ಹರಡಿ, ಅದರ ಮೇಲೆ ಬೆಲ್ಲ ಬೆರೆಸಿದ ಆ ಪುಡಿಯನ್ನು ಉದುರಿಸಿ, ಪತ್ರೊಡೆಯಂತೆಯೇ ಸುತ್ತಿದರು. ಒದ್ದೆ ಬಟ್ಟೆಯಲ್ಲಿ ಸುತ್ತಿ ನೀರಿನ ಮಡಕೆಗೆ ಒರಗಿಸಿಟ್ಟು ಗಟ್ಟಿಯಾಗಿಸಿದರು. ಚೂರಿಯಿಂದ ಕತ್ತರಿಸಿದರೆ ಸುರುಳಿ ಚಪ್ಪಟೆಯಾಯಿತು. ಆಗ ಅವರು ಹೂ ಕಟ್ಟುವ ನೂಲನ್ನು ಅದರ ಸುತ್ತ ಹಾಯಿಸಿ, ಎರಡು ತುದಿಗಳನ್ನೂ ಎದುರುಬದುರಾಗಿ ಎಳೆದರು. ತುಂಡು ಸದ್ದಿಲ್ಲದೆ ಕಳಚಿ ಬಿತ್ತು. ಅದರ ಮುಖದ ಮೇಲೆ, ಯಾರೂ ಬರೆಯದೆ, ಕಂದು ಗೆರೆಯೊಂದು ನಡುವಿನಿಂದ ಹೊರಟು ಸುತ್ತುತ್ತ ಸುತ್ತುತ್ತ ಅಂಚಿಗೆ ಬಂದು ನಿಂತಿತ್ತು. ನಾನು ಬಾಗಿ ನೋಡಿದೆ. ಪ್ರತಿ ತುಂಡಿನಲ್ಲೂ ಅದೇ ಗೆರೆ, ಒಂದರಂತೆ ಇನ್ನೊಂದಿಲ್ಲ. ದಪ್ಪ ತಳದ ಪಾತ್ರೆಯಲ್ಲಿ ಹೊಯಿಗೆ ಮರಳು ಹಾಕಿ, ತಟ್ಟೆಯಿಟ್ಟು, ಕೆಳಗೂ ಮುಚ್ಚಳದ ಮೇಲೂ ತೆಂಗಿನ ಗೆರಟೆಯ ಕೆಂಡ ಹರಡಿ ಬೇಯಿಸಿದರು. ಎಷ್ಟು ಹೊತ್ತೆಂದು ತಿಳಿಯಲು ಗಡಿಯಾರವಿರಲಿಲ್ಲ. ಚಿಕ್ಕಿ ಕಣ್ಣು ಮುಚ್ಚಿ ವಾಸನೆಯನ್ನೇ ಕೇಳುವವರಂತೆ ಕುಳಿತು, ಒಂದು ಗಳಿಗೆಯಲ್ಲಿ ಸರಕ್ಕನೆ ಮುಚ್ಚಳ ತೆಗೆದರು. ಅನಂತರದ ಆಯುಷ್ಯದಲ್ಲಿ ನಾನು ದೊಡ್ಡ ದೊಡ್ಡ ವಸ್ತುಗಳನ್ನು ಕಂಡಿದ್ದೇನೆ. ಅಷ್ಟು ಬೆರಗು ಇನ್ನೊಮ್ಮೆ ಆಗಲಿಲ್ಲ.

ಬೆಣ್ಣೆ ಹೇಗೆ ಸಿಕ್ಕಿತು ಎಂಬುದೇ ಕಥೆಯ ತಿರುಳು. ಬೆಣ್ಣೆ ಯಾಕೆಂದು ಅಮ್ಮಮ್ಮ ಗದರಿಸಿ ಕೇಳಿದಾಗ ಚಿಕ್ಕಿ, ಅಣ್ಣ ಕಳೆದ ಸಲ ಬಂದಾಗ ಹೇಳಿಕೊಟ್ಟದ್ದು, ಮಾಡಿ ನೋಡೆಂದಿದ್ದ ಎಂದರು. ಮಗನ ಹೆಸರು ಬಂದದ್ದೇ ಭರಣಿಯ ಬಾಯಿ ತೆರೆಯಿತು. ಅಂದಿನಿಂದ ಅದು ಬೊಂಬಾಯಿ ಬಿಸ್ಕತ್ತು. ನೆರೆಮನೆಯವರು ಬಂದು ತಿಂದು ಮಾವನನ್ನು ಹೊಗಳಿ ಹೋಗುತ್ತಿದ್ದರು. ಚಿಕ್ಕಿ ತಟ್ಟೆ ಎತ್ತುತ್ತಿದ್ದರು.

ಮರುವರ್ಷ ಬೇಸಗೆಯಲ್ಲಿ ಮಾವ ಬಂದರು. ಅಮ್ಮಮ್ಮ ತಟ್ಟೆಯನ್ನು ತಾವೇ ತಂದು ಅವರ ಮುಂದಿಟ್ಟರು. "ಕಾಣ್, ನೀನ್ ಕಲ್ಸಿದ್ದ್. ಸಮ ಆಯ್ತಾ, ಅಲ್ಲ ಬೆಣ್ಣಿ ದಂಡ ಮಾಡಿದ್ಲಾ ಹೇಳ್." ಬಾಗಿಲ ಮರೆಯಲ್ಲಿ ನಿಂತಿದ್ದ ಚಿಕ್ಕಿ ನನ್ನ ಭುಜವನ್ನು ಹಿಡಿದಿದ್ದರು. ಸುಳ್ಳು ಬಯಲಾದರೆ ಬಿಸ್ಕತ್ತು ಮಾತ್ರವಲ್ಲ, ಆ ಮನೆಯಲ್ಲಿ ಅವರ ಮಾತಿಗಿದ್ದ ಅಷ್ಟಿಷ್ಟು ಬೆಲೆಯೂ ಅಲ್ಲಿಗೆ ಮುಗಿಯುತ್ತಿತ್ತು. ಮಾವ ಒಂದನ್ನು ಎತ್ತಿ, ಬೆಳಕಿಗೆ ಹಿಡಿದು, ಸುರುಳಿಯನ್ನು ತಿರುಗಿಸಿ ತಿರುಗಿಸಿ ನೋಡಿದರು. ಅವರ ಮುಖದಲ್ಲಿ ಆಗ ಕಂಡದ್ದು ಗುರುತು ಹಿಡಿದ ಕಳೆಯಲ್ಲ, ನನ್ನ ಮುಖದಲ್ಲಿ ಮೂಡಿದ್ದಂಥದೇ ಬೆರಗು. ಕಚ್ಚಿದರು, ಜಗಿದರು. "ಹೌದ್ ಅಬ್ಬಿ," ಎಂದರು ತಾಯಿಗೆ. "ನಾ ಹೇಳಿದ್ದಕ್ಕಿಂತ್ಲೂ ಲಾಯ್ಕ್ ಮಾಡಿದ್ಲ್."

ಸಂಜೆ ಬಾವಿಕಟ್ಟೆಯ ಬಳಿ ಅವರು ತಂಗಿಯನ್ನು ಕೇಳಿದ್ದನ್ನು ನಾನು ಕೊಡಪಾನ ಹಿಡಿದು ನಿಂತು ಕೇಳಿಸಿಕೊಂಡೆ. "ನಂಗೆ ಬೊಂಬಾಯಂಗೆ ಪಾತ್ರೆ ತೊಳುದೇ ಕೆಲ್ಸ ಮಾರಾಯ್ತಿ. ಭಟ್ಟಿ ಹತ್ರ ಬಿಡುದೇ ಇಲ್ಲೆ. ನಿಂಗಿದ್ ಯಾರ್ ಕಲ್ಸಿದ್ರ್?" ಚಿಕ್ಕಿ ನಕ್ಕುಬಿಟ್ಟರು. ಆ ಮನೆಯಲ್ಲಿ ಅವರು ಹಾಗೆ ನಕ್ಕದ್ದನ್ನು ನಾನು ಬೇರೆ ಯಾವತ್ತೂ ಕಂಡಿಲ್ಲ. ಅನಂತರ ನನ್ನನ್ನು ಬಳಿಗೆ ಕರೆದು, "ಅಣ್ಣ ಪಾತ್ರೆ ತೊಳುದ್ ಯಾರ್ ಹತ್ರನೂ ಹೇಳ್ಬೇಡ ಹೆಣೆ," ಎಂದರು. ತಮ್ಮ ಪಾಲಿನ ಗುಟ್ಟನ್ನು ಕಾಯಬೇಕೆಂದು ಕೇಳಲೇ ಇಲ್ಲ. ಆದರೆ ಒಂದನ್ನು ಹೇಳಿದರೆ ಇನ್ನೊಂದು ತಾನಾಗಿ ಬಯಲಿಗೆ ಬೀಳುತ್ತಿತ್ತು. ಹಾಗಾಗಿ ಹೇಳುವುದಿಲ್ಲವೆಂದು ಮಾತು ಕೊಟ್ಟು ನಾನು ಎರಡನ್ನೂ ನುಂಗಿಕೊಂಡೆ. ಕಾಲ ಕಳೆದು ಮಾವ ತೀರಿಹೋದರು. ಚಿಕ್ಕಿಯೂ ಹೋದರು, ಅಣ್ಣನ ಬಿಸ್ಕತ್ತನ್ನು ಚೆನ್ನಾಗಿ ಮಾಡುತ್ತಿದ್ದ ತಂಗಿ ಎಂಬ ಹೆಸರು ಹೊತ್ತು.

ಪಾತ್ರೆ ತೊಳೆಯುವುದರಲ್ಲಿ ಅವಮಾನವಿದೆಯೆಂದು ಈಗ ಯಾರು ಹೇಳಿಯಾರು? ತಂಗಿಯ ಮಾನವನ್ನು ಒಂದೇ ಮಾತಿನಲ್ಲಿ ಕಾಯ್ದ ಅಣ್ಣ ಆ ಬೇಕರಿಯ ಒಡೆಯನಿಗಿಂತ ದೊಡ್ಡವರು. ಚಿಕ್ಕಿಗೆ ಕೊಟ್ಟ ಮಾತನ್ನು ಮುರಿಯುತ್ತಿದ್ದೇನೆಂದು ತಿಳಿದೇ ನಾನು ಅಡುಗೆಮನೆಗೆ ಹೋದೆ, ಮೊಮ್ಮಗಳ ಎದುರು ಕುಳಿತು ಇಷ್ಟನ್ನೂ ಹೇಳಿದೆ. ಅವಳು ಹಿಟ್ಟಿನ ಕೈಯನ್ನು ಹಾಗೆಯೇ ಬಿಟ್ಟು ಕೇಳಿದಳು. ಕೊನೆಗೆ, "ಅವ್ರ್ ಹೆಸ್ರೆಂತ ಅಜ್ಜಿ?" ಎಂದಳು.

ಹಿರಿಯರ ಹೆಸರು ಹಿಡಿದು ಕರೆಯುವ ಪದ್ಧತಿ ನಮ್ಮಲ್ಲಿರಲಿಲ್ಲ. ಆ ಹೆಸರು ಒಮ್ಮೆಯೂ ನನ್ನ ನಾಲಿಗೆಯ ಮೇಲೆ ಬಂದದ್ದಿಲ್ಲ. ಹಾಗೆ ಕರೆಯುತ್ತಿದ್ದವರಲ್ಲಿ ಈಗ ಒಬ್ಬರೂ ಉಳಿದಿಲ್ಲ. "ಗಿರಿಜ," ಎಂದೆ. ಮೊಮ್ಮಗಳು ಮೆಲ್ಲನೆ, ತಪ್ಪದಂತೆ, ಅದನ್ನು ಇನ್ನೊಮ್ಮೆ ಹೇಳಿದಳು.